ಒಳಗಿನ ಚಿಲಕ

ಅಪ್ಪ ತೀರಿಕೊಂಡ ಮೇಲೆ ಕಿರಿಮಗಳು ಮೊದಲು ಮಾಡಿದ ಕೆಲಸವೆಂದರೆ ತನ್ನ ಕೋಣೆಗೆ ಚಿಲಕ ಹಾಕಿಸಿದ್ದು. ಆ ಮನೆಯ ಯಾವ ಒಳಬಾಗಿಲಿಗೂ ಚಿಲಕವಿರಲಿಲ್ಲ, ಬಚ್ಚಲಿಗೂ ಸಹ. ಹೆಣ್ಣುಮಕ್ಕಳಿಬ್ಬರೂ ದೊಡ್ಡವರಾಗುತ್ತಿದ್ದಂತೆ ಅಪ್ಪನೇ ಎಲ್ಲವನ್ನೂ ಬಿಚ್ಚಿ ಎಸೆದಿದ್ದ. ಅವನು ಬಾಗಿಲು ತಟ್ಟಿದವನೇ ಅಲ್ಲ. ತಳ್ಳಿಕೊಂಡು ಬಂದು ನಿಲ್ಲುತ್ತಿದ್ದ. ಯಾರ ಜೊತೆ ಮಾತು, ಯಾಕೆ ನಗು, ಎಲ್ಲವನ್ನೂ ಒಪ್ಪಿಸಬೇಕು. ಉತ್ತರ ತಡವಾದರೆ ಕೈ ಮುಂದಾಗುತ್ತಿತ್ತು. ಅಕ್ಕ ಮದುವೆಯಾಗಿ ಪಾರಾದಳು. ನರ್ಸಾಗಿದ್ದ ಇವಳು ರಾತ್ರಿಪಾಳಿಯನ್ನೇ ಕೇಳಿ ಪಡೆದಳು, ಅಪ್ಪ ಎಚ್ಚರವಿರುವ ಹೊತ್ತು ತನ್ನ ನಿದ್ದೆಯಲ್ಲಿ ಕಳೆದುಹೋಗಲಿ ಎಂದು.

ಬಡಗಿ ಚಿಲಕ ಕೂರಿಸಿ ಹೋದ. ಪಾಳಿ ಮುಗಿಸಿ ಬಂದವಳು ಬಾಗಿಲು ಭದ್ರಪಡಿಸಿ ಮಲಗಿದಳು. ಎದ್ದಾಗ ನಡುಮಧ್ಯಾಹ್ನ. ಕೋಣೆಯ ಬಾಗಿಲು ಹಾರುಹೊಡೆದಿತ್ತು. ಮನೆಯಲ್ಲಿ ಇವಳೊಬ್ಬಳೇ, ಬೀದಿಬಾಗಿಲು ಹಾಕಿದ ಹಾಗೇ ಇತ್ತು. ಮರುದಿನವೂ ಅದೇ ಕತೆ. ಬಡಗಿ ಬಂದು ನೋಡಿ, ಚಿಲಕ ಗಟ್ಟಿಮುಟ್ಟಾಗಿದೆ, ಒಳಗಿದ್ದವರು ತೆಗೆಯದೆ ತೆರೆದುಕೊಳ್ಳುವ ಮಾತೇ ಇಲ್ಲ ಎಂದ. ಅಪ್ಪ ಸತ್ತ ದಿನ ಅವಳ ಕಣ್ಣು ಒದ್ದೆಯಾಗಿರಲಿಲ್ಲ. ಕಲ್ಲುಮನಸ್ಸಿನವಳು ಎಂದು ಬಂಧುಗಳು ಆಡಿಕೊಂಡದ್ದು ಅಪ್ಪನಿಗೂ ಕೇಳಿಸಿತೇನೋ ಎಂದು ಅವಳಿಗನ್ನಿಸಿತು.

ಅಕ್ಕನನ್ನು ಕರೆಸಿಕೊಂಡಳು. ತಂಗಿ ಚಿಲಕ ಹಾಕಿ ಮಲಗಿದ ಮೇಲೆ ಅಕ್ಕ ಕೋಣೆಯೊಳಗೇ ಕುರ್ಚಿ ಹಾಕಿಕೊಂಡು ಕೂತಳು. ತಂಗಿಗೆ ಎಚ್ಚರವಾದಾಗ ಬಾಗಿಲು ತೆರೆದಿತ್ತು. ಅಕ್ಕನ ಮುಖ ಬಿಳಿಚಿಕೊಂಡಿತ್ತು.

"ಯಾರಕ್ಕಾ ತೆಗೆದಿದ್ದು?"

"ನೀನೇ ಕಣೇ. ಕಣ್ಣು ಮುಚ್ಕೊಂಡೇ ಎದ್ದು ಹೋದೆ. ಚಿಲಕ ತೆಗೆದು, ತಲೆ ತಗ್ಗಿಸಿ ಪಕ್ಕಕ್ಕೆ ನಿಂತೆ. ಯಾರಿಗೋ ದಾರಿ ಬಿಡೋ ಹಾಗೆ."

"ಏನಾದ್ರೂ ಅಂದೆನಾ?"

"'ಒಳಗೆ ಬಾ ಅಪ್ಪಾ, ನಾನೇನೂ ಮುಚ್ಚಿಟ್ಟಿಲ್ಲ' ಅಂದೆ."

ಆಗ ತಂಗಿಗೆ ಅಳು ಒತ್ತರಿಸಿಕೊಂಡು ಬಂತು. ಅಪ್ಪನಿಗಾಗಿಯೋ ಅಪ್ಪನಿಂದಾಗಿಯೋ ಅವಳಿಗೇ ತಿಳಿಯಲಿಲ್ಲ. ಬದುಕಿದ್ದಷ್ಟು ದಿನ ಅವನು ಸಾಯಲಿ ಎಂದುಕೊಂಡವಳು, ಒಮ್ಮೆಯಾದರೂ ಬಾಗಿಲು ತಟ್ಟಿ ಬಂದಿದ್ದರೆ ಎಂದು ಈಗ ಹಂಬಲಿಸುತ್ತಿದ್ದಳು. ಆ ಹಂಬಲಕ್ಕೆ ನಾಚಿಕೆಯೂ ಆಗುತ್ತಿತ್ತು. ಅಕ್ಕ ಬೆನ್ನು ಸವರಿದಳು. ಗಂಡನ ಮನೆಯಲ್ಲಿ ತಾನು ಇಂದಿಗೂ ಬಚ್ಚಲ ಬಾಗಿಲು ಹಾಕಿಕೊಳ್ಳಲಾರೆ, ಗಂಡ ಎಷ್ಟು ಗೇಲಿ ಮಾಡಿದರೂ ಕಾರಣ ಹೇಳಿಲ್ಲ ಎಂದಳು. ಇಬ್ಬರೂ ಅಪ್ಪನ ಬಗ್ಗೆ ಬಾಯಿಬಿಟ್ಟು ಮಾತಾಡಿದ್ದು ಅದೇ ಮೊದಲು.

ಆ ವಾರವೇ ಅವಳು ಆಸ್ಪತ್ರೆಯ ಹತ್ತಿರ ಇನ್ನೊಬ್ಬ ನರ್ಸಿನ ಜೊತೆ ಬಾಡಿಗೆ ಕೋಣೆ ಹಿಡಿದಳು. ಕೆಲವು ಮಧ್ಯಾಹ್ನ ಈಗಲೂ ನಿದ್ದೆಯಲ್ಲೇ ಏಳುತ್ತಾಳಂತೆ. ಚಿಲಕದ ಮೇಲೆ ಕೈಯಿಟ್ಟು, ಆಚೆ ಯಾರದೋ ಉಸಿರಿಗೆ ಕಿವಿಗೊಟ್ಟವಳಂತೆ ಬಹಳ ಹೊತ್ತು ನಿಂತಿದ್ದು, ತೆಗೆಯದೆ ಬಂದು ಮಲಗುತ್ತಾಳಂತೆ.