ಒಂದು ಕಾಸೂ ಬೇಡವೆಂದ ದರ್ಜಿ

ನಾನು ದರ್ಜಿ. ಶಾಲಾ ಮಕ್ಕಳ ಸಮವಸ್ತ್ರ ಹೊಲಿಯುವುದರಲ್ಲಿ ನನ್ನ ಅರ್ಧ ಆಯುಷ್ಯ ಸವೆದಿದೆ, ಇನ್ನರ್ಧ ಮಾತಾಡುವುದರಲ್ಲಿ. ಅಂಗಡಿಗೆ ಪ್ಯಾಂಟಿನ ಉದ್ದ ಕಡಿಮೆ ಮಾಡಿಸಲು ಬಂದವರು ನನ್ನ ಅಭಿಪ್ರಾಯಗಳನ್ನೂ ಕೇಳಿಕೊಂಡೇ ಹೋಗಬೇಕು. ಪ್ಯಾಂಟು ಗಿಡ್ಡವಾದರೂ ಮಾತು ಗಿಡ್ಡವಾಗುವುದಿಲ್ಲ ಎನ್ನುತ್ತಾಳೆ ನನ್ನ ಹೆಂಡತಿ. ಅವಳದು ಆಸ್ಪತ್ರೆಯಲ್ಲಿ ಪರೀಕ್ಷೆಗೆ ರಕ್ತ ತೆಗೆಯುವ ಕೆಲಸ. ಸೂಜಿ ನಮ್ಮಿಬ್ಬರ ಕೈಯಲ್ಲೂ ಇದೆ. ಚುಚ್ಚುವ ವಿದ್ಯೆ ಮಾತ್ರ ಅವಳಿಗೇ ಒಲಿದಿದೆ.

ನಮಗೆ ಮಕ್ಕಳಿಲ್ಲ. ನನಗೆ ಐವತ್ತು ದಾಟಿದ ಮೇಲೆ ಅವಳೊಂದು ದಿನ, ಮನೆಯವರು ನೋಡಿಕೊಳ್ಳಲಾಗದ ಮಗುವನ್ನು ಸ್ವಲ್ಪ ಕಾಲ ಇಟ್ಟುಕೊಂಡು ಸಾಕೋಣ, ಮಕ್ಕಳ ಕಚೇರಿಯಲ್ಲಿ ಹೆಸರು ಬರೆಸೋಣ ಎಂದಳು. ನಾನು ಒಪ್ಪಿದೆ. ಕಚೇರಿಯವರು ಬಂದು ಮನೆ ನೋಡಿದರು, ಆದಾಯ ಕೇಳಿದರು, ಬಚ್ಚಲ ಚಿಲಕವನ್ನೂ ಎಳೆದು ನೋಡಿದರು. ಎಂಟು ತಿಂಗಳಾದ ಮೇಲೆ ಅಧಿಕಾರಿ ಮೇಡಂ ಹತ್ತು ವರ್ಷದ ಹುಡುಗಿಯೊಬ್ಬಳನ್ನು ಕರೆತಂದರು. ತಾಯಿಗೆ ದೀರ್ಘ ಕಾಯಿಲೆ, ತಂದೆಯ ಸುಳಿವಿಲ್ಲ. ನಮಗಿಂತ ಮೊದಲು ಮೂರು ಮನೆಗಳಲ್ಲಿ ಇದ್ದು ಬಂದಿದ್ದಳು. ನಡುನಡುವೆ ಹಾಸ್ಟೆಲ್ಲು.

ಮೇಡಂ ಊಟದ ಮೇಜಿನ ಮೇಲೆ ನಾಲ್ಕು ಪುಟದ ಒಂದು ಫಾರಂ ಹರಡಿದರು. ತಿಂಗಳಿಗಿಷ್ಟು ಎಂದು ಪೋಷಣೆಯ ಭತ್ಯೆ ಬರುತ್ತದೆ; ಅದರಾಚೆಗೆ ಔಷಧಿ, ಕನ್ನಡಕ, ಶಾಲೆಯ ಬೂಟು, ಬಸ್ಸಿನ ಪಾಸು ಇಂಥವಕ್ಕೆ ರಸೀತಿ ಕೊಟ್ಟರೆ ಖರ್ಚು ವಾಪಸು ಸಿಗುತ್ತದೆ, ಇಲ್ಲಿ ಇಬ್ಬರೂ ಸಹಿ ಹಾಕಿ ಎಂದರು.

ಅಲ್ಲಿಗೆ ನಾನು ತೆಪ್ಪಗೆ ಪೆನ್ನು ತೆಗೆದುಕೊಳ್ಳಬೇಕಿತ್ತು. ಆದರೆ ಎದುರಿಗೆ ಕೇಳುವವರು ಮೂವರಿದ್ದರು. ನನ್ನ ನಾಲಿಗೆಗೆ ಒಬ್ಬರಿದ್ದರೂ ಸಾಕು. ಎದೆ ಸೆಟೆಸಿ ಹೇಳಿದೆ:

"ಮಗು ಸಾಕೋದಕ್ಕೆ ಕೂಲಿ ತಗೊಳ್ಳೋರು ನಾವಲ್ಲ ಮೇಡಂ. ಒಂದು ಕಾಸೂ ಬೇಡ."

ಮೇಜಿನ ಕೆಳಗೆ ಹೆಂಡತಿ ನನ್ನ ಕಾಲು ತುಳಿದಳು. ಮೆಚ್ಚುಗೆಗೆ ಇರಬೇಕೆಂದುಕೊಂಡೆ. ಇದು ಕೂಲಿಯಲ್ಲ, ಮಗುವಿನ ಖರ್ಚು ಎಂದು ಮೇಡಂ ಸಮಾಧಾನದಿಂದಲೇ ಬಿಡಿಸಿ ಹೇಳಿದರು. ನಾನು ಇನ್ನಷ್ಟು ಎತ್ತರದ ದನಿಯಲ್ಲಿ ಇನ್ನಷ್ಟು ಉದಾರನಾದೆ. ಕೊನೆಗೆ ಅವರು ಫಾರಂ ಇಲ್ಲೇ ಇರಲಿ, ಯೋಚನೆ ಮಾಡಿ ಎಂದು ಎದ್ದು ಹೋದರು. ಹುಡುಗಿ ಅಷ್ಟು ಹೊತ್ತೂ ನನ್ನ ಮುಖ ನೋಡಲಿಲ್ಲ, ಫಾರಮ್ಮನ್ನೇ ನೋಡುತ್ತಿದ್ದಳು. ನಾನದನ್ನು ಹಳೆಯ ಪೇಪರುಗಳ ಕೆಳಗೆ ತುರುಕಿದೆ.

ಮಾರನೆಯ ದಿನದಿಂದ ಅಂಗಡಿಗೆ ಗುಂಡಿಯ ಕಾಜಾ ಹಾಕಿಸಲು ಬಂದವರಿಗೂ ಈ ಕತೆ ಗೊತ್ತಾಯಿತು. ಯಾರಾದರೂ ಕೇಳಲಿಲ್ಲವೆಂದರೆ ನಾನೇ ಅಳತೆ ತೆಗೆಯುತ್ತ, "ಸೊಂಟ ಮೂವತ್ತಾರು... ನೋಡಿ, ಕಚೇರಿಯವರು ಕೊಡ್ತೀವಿ ಅಂದ್ರು, ನಾನು ಬೇಡ ಅಂದೆ" ಎಂದು ಶುರು ಮಾಡುತ್ತಿದ್ದೆ. ಸೊಂಟಕ್ಕೆ ಟೇಪು ಸುತ್ತಿಸಿಕೊಂಡು ನಿಂತ ಮನುಷ್ಯ ಎಲ್ಲಿಗೆ ಓಡಿಯಾನು? ದೊಡ್ಡ ಮನಸ್ಸು ಎನ್ನುತ್ತಿದ್ದ. ನನಗೆ ಎರಡು ಕೋಡು ಮೂಡುತ್ತಿದ್ದವು.

ಮನೆಯಲ್ಲಿ ಮಾತ್ರ ಹುಡುಗಿ ಅಳತೆಗೆ ಸಿಗಲಿಲ್ಲ. ಇನ್ನೊಂದು ಚಪಾತಿ ಹಾಕಲೇ ಎಂದರೆ ಪರವಾಗಿಲ್ಲ ಎನ್ನುವಳು. ಬೂಟು ಬಿಗಿಯಾಗಿದೆಯಲ್ಲ ಎಂದರೂ ಪರವಾಗಿಲ್ಲ. ಬಸ್ಸಿಗೆಂದು ಕೊಟ್ಟ ಚಿಲ್ಲರೆ ಸಂಜೆ ಹಾಗೆಯೇ ಮೇಜಿನ ಮೇಲೆ ಇರುತ್ತಿತ್ತು. ಅವಳು ನಡೆದೇ ಹೋಗಿ ಬಂದಿರುತ್ತಿದ್ದಳು. ನಾಚಿಕೆಯ ಸ್ವಭಾವ ಎಂದು ನಾನು ತೀರ್ಪು ಕೊಟ್ಟೆ. ನನ್ನ ಹೆಂಡತಿ ತೀರ್ಪು ಕೊಡಲಿಲ್ಲ. ಬೂಟಿನ ಮುಂದಿನ ತುದಿ ಒತ್ತಿ ನೋಡಿ, ಒಂದು ಅಳತೆ ದೊಡ್ಡ ಜೋಡಿ ತಂದಿಟ್ಟಳು.

ಎರಡನೆಯ ತಿಂಗಳು ಮಕ್ಕಳ ಕಚೇರಿಯಲ್ಲಿ ಸಾಕು ತಂದೆತಾಯಿಯರ ಸಭೆ. ನನ್ನ ಕೀರ್ತಿ ಅಲ್ಲಿಗೂ ಹಬ್ಬಿತ್ತು. ಹಬ್ಬಿಸಿದವನು ನಾನೇ; ಅಲ್ಲಿನ ಗುಮಾಸ್ತನ ಕೋಟು ನನ್ನ ಅಂಗಡಿಯಲ್ಲೇ ಹೊಲಿದದ್ದು. ಅವನು ನಾಲ್ಕು ಮಾತಾಡಿ ಎಂದು ಕರೆದ. ನಾಲ್ಕು ನನಗೆಲ್ಲಿ ಸಾಲುತ್ತದೆ? ಪ್ರೀತಿಗೆ ರಸೀತಿ ಇರುವುದಿಲ್ಲ, ಕೊಟ್ಟದ್ದನ್ನು ಲೆಕ್ಕ ಹಾಕುವವನು ತಂದೆಯಲ್ಲ, ವ್ಯಾಪಾರಿ ಎಂದೆಲ್ಲ ಅರ್ಧ ಗಂಟೆ ಹೇಳಿದೆ. ಮುಂದಿನ ಸಾಲಿನಲ್ಲಿ ಚಪ್ಪಾಳೆ ಬಿತ್ತು. ಹಿಂದಿನ ಸಾಲುಗಳಲ್ಲಿ ಕೂತವರು ತಮ್ಮ ಕೈಚೀಲಗಳ ಮೇಲೆ ಕೈ ಇಟ್ಟುಕೊಂಡು ಸುಮ್ಮನಿದ್ದರು. ನನ್ನ ಮಾತಿಗೆ ಪರವಶರಾಗಿದ್ದಾರೆ ಎಂದುಕೊಂಡೆ. ಆ ಚೀಲಗಳಲ್ಲಿ ರಸೀತಿಗಳಿದ್ದವು ಎಂಬುದು ನನಗೆ ಹೊಳೆಯಲಿಲ್ಲ.

ಮೂರನೆಯ ತಿಂಗಳು ಎರಡು ಪೆಟ್ಟು ಒಟ್ಟಿಗೇ ಬಿದ್ದವು. ನಾನು ಹದಿನಾಲ್ಕು ವರ್ಷ ಸಮವಸ್ತ್ರ ಹೊಲಿದುಕೊಟ್ಟ ಶಾಲೆ ಸಿದ್ಧ ಉಡುಪಿನ ಕಂಪನಿಯೊಂದಕ್ಕೆ ಗುತ್ತಿಗೆ ಕೊಟ್ಟಿತು. ಅದೇ ವಾರ ಹುಡುಗಿ ಒಂದೇ ಕಡೆ ಅಗಿಯುವುದನ್ನು ನೋಡಿ ಹೆಂಡತಿ ಅವಳನ್ನು ಹಲ್ಲಿನ ಡಾಕ್ಟರ ಬಳಿ ಕರೆದೊಯ್ದಳು. ಎರಡು ದವಡೆ ಹಲ್ಲು ಬೇರಿನ ತನಕ ಹುಳುಕು. ಎಷ್ಟು ದಿನದಿಂದ ನೋವು ಎಂದು ಕೇಳಿದರೆ ಹುಡುಗಿ ಪರವಾಗಿಲ್ಲ ಎಂದಳಂತೆ. ನಾಲ್ಕು ಸಲ ಹೋಗಬೇಕು; ಡಾಕ್ಟರು ಹೇಳಿದ ಮೊತ್ತ ನನ್ನ ಅಂಗಡಿಯ ಮೂರು ತಿಂಗಳ ಬಾಡಿಗೆಗಿಂತ ಹೆಚ್ಚಿತ್ತು.

ಫಾರಮ್ಮಿಗೆ ಸಹಿ ಹಾಕಿಬಿಡೋಣ ಎಂದಳು ಹೆಂಡತಿ. ಸಭೆಯಲ್ಲಿ ಅಷ್ಟು ಹೇಳಿ ಈಗ ಹೋಗಿ ಕೈಯೊಡ್ಡಲೇ ಎಂದೆ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು ಎಂದಳು. ನನಗೆ ಜುಟ್ಟೂ ಇಲ್ಲ, ತಲೆಯೇ ಬೋಳು. ಆದರೂ ಹೂವು ಬಿಡಲು ಮನಸ್ಸಾಗಲಿಲ್ಲ. ಅವಳಿಗೆ ಹೇಳದೆ ಅಂಚು ಹೊಲಿಯುವ ನನ್ನ ಎರಡನೆಯ ಯಂತ್ರವನ್ನು ಮಾರಿದೆ. ಕೇಳಿದಾಗ ರಿಪೇರಿಗೆ ಹೋಗಿದೆ ಎಂದೆ. ಅಂದಿನಿಂದ ಅಂಚುಗಳನ್ನೆಲ್ಲ ಕೈಯಲ್ಲೇ ಹೊಲಿದೆ. ಮೂರು ಬೆರಳಿನ ತುದಿಗಳು ಜರಡಿಯಾದವು. ರಕ್ತ ತೆಗೆಯುವವಳ ಮುಂದೆ ಚುಚ್ಚಿದ ಬೆರಳು ಬಚ್ಚಿಟ್ಟುಕೊಂಡು ಓಡಾಡುವ ಗಂಡನಿಗಿಂತ ದಡ್ಡ ಇನ್ನೊಬ್ಬನಿರಲಾರ.

ಐದನೆಯ ತಿಂಗಳು ಇಸ್ತ್ರಿ ಅಮ್ಮ ನನ್ನ ಅಂಗಡಿಗೆ ಬಂದರು. ಪಕ್ಕದ ಬೀದಿಯಲ್ಲಿ ಇಸ್ತ್ರಿ ಅಂಗಡಿ ನಡೆಸುವ ವಿಧವೆ. ಒಂದೇ ತಾಯಿಯ ಮೂರು ಮಕ್ಕಳನ್ನು ಬೇರೆಬೇರೆ ಮಾಡುವುದು ಬೇಡವೆಂದು ಮೂವರನ್ನೂ ತಮ್ಮ ಮನೆಯಲ್ಲಿಟ್ಟು ಸಾಕುತ್ತಿದ್ದರು. ಬಟ್ಟೆಯ ಗಂಟು ಇಳಿಸಿದರು, ಕೂರಲಿಲ್ಲ.

"ಮೂರು ತಿಂಗಳಿಂದ ನಮ್ಮ ಭತ್ಯೆ ಬಂದಿಲ್ಲ ಟೈಲರಣ್ಣ. ಕೇಳೋಕೆ ಹೋದ್ರೆ ಆ ಗುಮಾಸ್ತ ಏನಂತಾನೆ ಗೊತ್ತಾ? ಟೈಲರ್ ಸಾಹೇಬ್ರನ್ನ ನೋಡಿ ಕಲೀರಿ, ಅವರು ಒಂದು ಕಾಸೂ ಮುಟ್ಟಲ್ಲ, ನೀವು ಎರಡು ದಿನ ತಡ ಆದ್ರೆ ಬಾಗಿಲಿಗೆ ಬರ್ತೀರಿ ಅಂತಾನೆ."

ಕತ್ತರಿ ನನ್ನ ಕೈಯಲ್ಲೇ ಇತ್ತು. ಯಾರದೋ ಅಂಗಿಯ ತೋಳು ಅರ್ಧ ಕತ್ತರಿಸಿದ್ದೆ.

"ಹಾಗಂತ ನಾನು ಹೇಳಿಲ್ಲಮ್ಮ" ಎಂದೆ.

"ನೀವು ಹೇಳಿದ್ದನ್ನ ನಾನೂ ಕೂತು ಕೇಳಿದೀನಿ. ನಿಮಗೆ ಅನುಕೂಲ ಇದೆ, ತಗೋಬೇಡಿ, ಒಳ್ಳೇದೇ. ಆದ್ರೆ ನಾನು ತಗೊಂಡ್ರೆ ಆ ಮಕ್ಕಳ ಮೇಲೆ ಪ್ರೀತಿ ಇಲ್ಲ ಅಂತ ಆಗುತ್ತಾ? ಅದೊಂದು ಹೇಳಿ."

ನನಗೆ ಅನುಕೂಲ! ಮಾರಿದ ಯಂತ್ರದ ಜಾಗದಲ್ಲಿ ನೆಲದ ಮೇಲೆ ನಾಲ್ಕು ಕಾಲಿನ ಗುರುತು ಇನ್ನೂ ಇತ್ತು. ಅವರು ಅದರ ಮೇಲೆಯೇ ನಿಂತಿದ್ದರು. ನಾನು ಉಳಿದರ್ಧ ತೋಳನ್ನೂ ಕತ್ತರಿಸಿದೆ, ಸೊಟ್ಟಗೆ. ಅವರು ಅದನ್ನು ನೋಡಿ, ಗಂಟು ಎತ್ತಿಕೊಂಡು ಹೋದರು.

ಆ ಸಂಜೆ ಅಡುಗೆಮನೆಯಲ್ಲಿ ಬೀನ್ಸ್ ಬಿಡಿಸುತ್ತಿದ್ದ ಹೆಂಡತಿಯ ಮುಂದೆ ಎಲ್ಲ ಒಪ್ಪಿಕೊಂಡೆ. ಯಂತ್ರ ಮಾರಿದ್ದು ಅವಳಿಗೆ ಮೊದಲೇ ಗೊತ್ತಿತ್ತು. ಕೊಂಡವನು ರಕ್ತ ಪರೀಕ್ಷೆಗೆ ಬಂದಾಗ ಹೇಳಿದ್ದನಂತೆ. ನೀವಾಗಿಯೇ ಎಷ್ಟು ದಿನಕ್ಕೆ ಹೇಳ್ತೀರೋ ನೋಡೋಣ ಅಂತಿದ್ದೆ ಎಂದಳು. ಹುಡುಗಿ ಅದೇ ಮೇಜಿನ ಇನ್ನೊಂದು ತುದಿಯಲ್ಲಿ ಲೆಕ್ಕ ಮಾಡುತ್ತಿದ್ದಳು. ಪೆನ್ಸಿಲು ನಿಂತಿತು.

"ಹಾಗಾದ್ರೆ ಈಗ ಸೈನ್ ಹಾಕ್ತೀರಾ ಅಂಕಲ್?"

"ನಿನಗೆ ಯಾಕೆ ಪುಟ್ಟಿ ಆ ಚಿಂತೆ?"

"ಹಿಂದಿನ ಮನೇಲೂ ಹಾಕಿರಲಿಲ್ಲ. ನೋಡೋಣ ನೋಡೋಣ ಅಂತಿದ್ರು. ಎರಡು ತಿಂಗಳಾದ್ಮೇಲೆ ವಾಪಸ್ ಕಳಿಸಿದ್ರು. ಸೈನ್ ಹಾಕೋತನಕ ಆಫೀಸಿನ ಪುಸ್ತಕದಲ್ಲಿ ನಾನು ಹಾಸ್ಟೆಲ್ಲಲ್ಲೇ ಇರ್ತೀನಿ. ಹಾಸ್ಟೆಲ್ ವಾರ್ಡನ್ನೇ ಹೇಳಿದ್ರು."

ಹೆಂಡತಿಯ ಕೈಯಲ್ಲಿದ್ದ ಬೀನ್ಸು ತಟ್ಟೆಗೆ ಬಿತ್ತು. ಐದು ತಿಂಗಳಿಂದ ನಾನು ಊರಿಗೆಲ್ಲ ನನ್ನ ಹೃದಯವೈಶಾಲ್ಯ ಸಾರುತ್ತಿದ್ದರೆ, ಈ ಮಗು ನನ್ನನ್ನು, ತನ್ನನ್ನು ಇಟ್ಟುಕೊಳ್ಳಬೇಕೋ ಬೇಡವೋ ಎಂದು ಇನ್ನೂ ನಿರ್ಧರಿಸದ ಮನುಷ್ಯ ಎಂದು ತಿಳಿದಿತ್ತು. ಅದಕ್ಕೇ ಚಪಾತಿ ಎರಡಕ್ಕೆ ನಿಲ್ಲುತ್ತಿತ್ತು. ಅದಕ್ಕೇ ಹಲ್ಲು ನೋವು ನುಂಗಿಕೊಂಡದ್ದು. ಖರ್ಚು ಕಡಿಮೆಯಿದ್ದರೆ ಉಳಿಸಿಕೊಂಡಾರು ಎಂಬ ಲೆಕ್ಕ. ನಾನು ಅವಳ ತಲೆ ಸವರಲು ಹೋದೆ. ಬೆರಳಿನ ಗಾಯ ಕೂದಲಿಗೆ ಸಿಕ್ಕಿ ಕೈ ಹಿಂತೆಗೆದೆ. ಆಮೇಲೆ ಹಳೆಯ ಪೇಪರಿನ ರಾಶಿ ಮಗುಚಿ ಫಾರಮ್ಮಿಗೆ ಹುಡುಕಿದೆ. ಅಲ್ಲಿರಲಿಲ್ಲ. ಹುಡುಗಿ ಒಳಗೆ ಹೋಗಿ ತನ್ನ ಭೂಗೋಳದ ಪುಸ್ತಕ ತಂದಳು. ಪೇಪರಿನ ಜೊತೆ ಫಾರಮ್ಮೂ ರದ್ದಿಗೆ ಹೋದೀತೆಂದು ಮೊದಲ ವಾರವೇ ತೆಗೆದಿಟ್ಟುಕೊಂಡಿದ್ದಳು. ಫಾರಮ್ಮಿನ ನಡುವೆ ಬೂಟಿನ ರಸೀತಿ, ಹಲ್ಲಿನ ಡಾಕ್ಟರದ್ದು ಮೂರು, ನಾನು ಮುದ್ದೆ ಮಾಡಿ ಬುಟ್ಟಿಗೆಸೆದ ಔಷಧಿ ಅಂಗಡಿಯದ್ದು ಒಂದು. ಎಲ್ಲ ಅಂಗೈಯಲ್ಲಿ ತಿಕ್ಕಿ ನೆಟ್ಟಗೆ ಮಾಡಿದ್ದವು.

"ಬೂಟಿನದರಲ್ಲಿ ತಾರೀಕಿಲ್ಲ, ನಡೆಯಲ್ಲ" ಎಂದಳು, ಪುಟ ತಿರುಗಿಸುತ್ತ. "ಅಂಗಡಿಯವರ ಹತ್ರ ಬರೆಸ್ಕೊಂಡು ಬರಬೇಕು."

ಇಬ್ಬರೂ ಸಹಿ ಹಾಕಿದೆವು. ನಾನು ಇಂಗು ತಿಂದ ಮಂಗನಂತೆ ಕೂತಿದ್ದೆನೆಂದು ಹೆಂಡತಿ ಈಗಲೂ ನಗುತ್ತಾಳೆ.

ಬೆಳಿಗ್ಗೆ ಕಚೇರಿಗೆ ಹೋದೆ. ಕಿಟಕಿಯ ಮುಂದೆ ಹನ್ನೆರಡು ಜನರ ಸಾಲು. ಗುಮಾಸ್ತ ನನ್ನನ್ನು ಕಂಡದ್ದೇ ಎದ್ದು ನಿಂತು, ಸಾಲು ಬಿಟ್ಟು ಒಳಗೆ ಬನ್ನಿ ಎಂದು ಕರೆದ. ಒಂದು ಕ್ಷಣ, ಸುಳ್ಳು ಯಾಕೆ ಹೇಳಲಿ, ಹೋಗುವ ಮನಸ್ಸಾಯಿತು. ಸಾಲಿನಲ್ಲೇ ನಿಂತೆ. ಮುಕ್ಕಾಲು ಗಂಟೆಯ ಮೇಲೆ ಕಿಟಕಿಯಲ್ಲಿ ಫಾರಂ ತೂರಿಸಿದಾಗ ಅವನು ಅದನ್ನೂ ನನ್ನನ್ನೂ ಎರಡೆರಡು ಸಲ ನೋಡಿದ. ಭತ್ಯೆ ಸಹಿ ಹಾಕಿದ ದಿನದಿಂದ ಮಾತ್ರ, ಹಿಂದಿನ ಐದು ತಿಂಗಳದ್ದು ಸಿಗುವುದಿಲ್ಲ ಎಂದ. ಖರ್ಚಿನ ರಸೀತಿಯೂ ಅರವತ್ತು ದಿನದ ಒಳಗಿನದ್ದಾಗಿರಬೇಕು. ಬೂಟು ಹೋಯಿತು, ಔಷಧಿ ಹೋಯಿತು, ಹಲ್ಲಿನ ಮೊದಲ ಭೇಟಿ ಹೋಯಿತು. ಉಳಿದ ಎರಡು ರಸೀತಿಗೆ ಮುದ್ರೆ ಒತ್ತಿದ.

"ಇನ್ನೊಂದು ವಿಷಯ" ಎಂದೆ. "ನನ್ನ ಹೆಸರು ಹೇಳ್ಕೊಂಡು ಬೇರೆಯವರನ್ನ ವಾಪಸ್ ಕಳಿಸಬೇಡಿ. ನಾನೂ ತಗೊಳ್ತೀನಿ. ತಡ ಆದ್ರೆ ನಾನೂ ಬಂದು ಕೇಳ್ತೀನಿ."

ದನಿ ಗಟ್ಟಿಯಾಗಿ ಬರಬೇಕಿತ್ತು. ಕಿಟಕಿಯ ರಂಧ್ರ ಕೆಳಗಿದ್ದುದರಿಂದ ಅರ್ಧ ಬಗ್ಗಿಕೊಂಡು, ಬೇಡುವವನ ಭಂಗಿಯಲ್ಲೇ ಹೇಳಬೇಕಾಯಿತು. ಆದರೂ ಹಿಂದಿನ ಸಾಲಿಗೆ ಕೇಳಿಸಿತು.

ಮುಂದಿನ ಸಭೆಯಲ್ಲಿ ನಾನೇ ಕೇಳಿಕೊಂಡು ಎರಡು ನಿಮಿಷ ಮಾತಾಡಿದೆ. ಹೋದ ಸಲ ನಾನು ಹೇಳಿದ್ದು ತಪ್ಪು, ಆಮೇಲೆ ಯಂತ್ರ ಮಾರಿದೆ, ಹೆಂಡತಿಗೆ ಸುಳ್ಳು ಹೇಳಿದೆ, ಮಗುವಿಗೆ ಅನುಮಾನ ಹುಟ್ಟಿಸಿದೆ ಎಂದೆ. ಯಾರೂ ಚಪ್ಪಾಳೆ ತಟ್ಟಲಿಲ್ಲ. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ನಗು ಸಾಲಿನಿಂದ ಸಾಲಿಗೆ ಹರಿದು ಕೊನೆಗೆ ಮೇಡಂ ಕೂಡ ನಕ್ಕರು. ಇಸ್ತ್ರಿ ಅಮ್ಮನಿಗೆ ಬಾಕಿ ಬಂದದ್ದು ನನ್ನ ಪಶ್ಚಾತ್ತಾಪದಿಂದಲ್ಲ. ಅವರು ಮೂರೂ ಮಕ್ಕಳನ್ನು ಕರೆತಂದು ಗುಮಾಸ್ತನ ಕಿಟಕಿಯ ಮುಂದೆ ಎರಡು ದಿನ ಊಟದ ಡಬ್ಬಿ ಬಿಚ್ಚಿ ಕೂತರು. ಮೂರನೆಯ ದಿನ ಚೆಕ್ಕು ತಯಾರಾಯಿತು. ಆಗ ಅವರ ಅರ್ಜಿ ಬರೆದುಕೊಟ್ಟವಳು ನನ್ನ ಹೆಂಡತಿ. ನಾನು ಅವರ ಅಂಗಡಿ ನೋಡಿಕೊಂಡೆ, ಎರಡು ಅಂಗಿ ಸುಟ್ಟೆ.

ನಮ್ಮ ಹಣ ಏಳು ವಾರಕ್ಕೆ ಬಂತು. ಮಾರಿದ ಯಂತ್ರ ತಿರುಗಿ ಕೊಳ್ಳುವಷ್ಟೇನೂ ಇರಲಿಲ್ಲ. ಹುಡುಗಿಯ ಹಲ್ಲಿಗೆ ಕವಚ ಕೂತಿತು, ಎರಡೂ ಕಡೆ ಅಗಿಯುತ್ತಾಳೆ, ಬಸ್ಸಿನಲ್ಲಿ ಹೋಗುತ್ತಾಳೆ, ಮೊನ್ನೆ ಪಲ್ಯಕ್ಕೆ ಉಪ್ಪಿಲ್ಲ ಎಂದು ನನ್ನ ಮೇಲೆ ಸಿಡುಕಿದಳು. ಎರಡು ವಾರಕ್ಕೊಮ್ಮೆ ತಾಯಿಯನ್ನು ನೋಡಲು ಹೋಗುತ್ತಾಳೆ. ಆ ಪ್ರಯಾಣದ ಖರ್ಚಿಗೂ ಒಂದು ಕಲಮು ಇದೆಯೆಂದು ಅವಳೇ ತೋರಿಸಿಕೊಟ್ಟಳು. ತಾಯಿ ಗುಣವಾದರೆ ವಾಪಸು ಹೋಗುತ್ತಾಳೆ. ಆ ದಿನಕ್ಕೆ ಯಾವ ಫಾರಮ್ಮೂ ಇಲ್ಲ. ನಾನು ಕೇಳಿ ನೋಡಿದ್ದೇನೆ.

ಅಂಗಡಿಯಲ್ಲಿ ನನ್ನ ಮರ್ಯಾದೆ ಕೊಂಚ ಇಳಿದಿದೆ. ಹಾಗಾದರೆ ನೀನೂ ತಗೊಳ್ಳೋನೇ ಎಂದು ಹಳೆಯ ಗಿರಾಕಿಯೊಬ್ಬರು ಮುಖ ಸಿಂಡರಿಸಿದರು. ಹೌದು ಸ್ವಾಮಿ ಎಂದು ಅವರ ಪ್ಯಾಂಟಿನ ಉದ್ದ ಅಳೆದು ಬರೆದುಕೊಂಡೆ. ಅಷ್ಟರಲ್ಲಿ ಶಾಲೆ ಬಿಟ್ಟು ಬಂದ ಹುಡುಗಿ ಕತ್ತರಿಸುವ ಮೇಜಿನ ಮೇಲೆ ಈ ತಿಂಗಳ ಫಾರಂ ಹರಡಿ, ಕೂದಲು ಕತ್ತರಿಸಿದ್ದನ್ನು ಆರೋಗ್ಯದ ಕೆಳಗೆ ಬರೆಯೋದೋ ಇತರೆ ಅನ್ನೋದರ ಕೆಳಗೋ ಎಂದು ಕೇಳಿದಳು. ಆರೋಗ್ಯ ಎಂದೆ. ತಲೆಯಲ್ಲಿ ಹೇನಿತ್ತು ಅಂತ ಬರೀಬೇಕಾಗುತ್ತೆ, ಬೇಡ ಎಂದು ಇತರೆಯಲ್ಲೇ ಬರೆದಳು. ಗುಮಾಸ್ತ ಅದನ್ನು ಕೆಂಪು ಶಾಯಿಯಲ್ಲಿ ಹೊಡೆದು ಹಾಕಿ ಕಳಿಸಿದ್ದಾನೆ. ನಾಳೆ ಹೋಗಿ ಜಗಳ ಆಡಬೇಕು.