ಗೋಡೆಯೊಳಗಿನವರಿಗೆ ನೀರು

"ತಲೆಕೆಳಗೆ ನಿಂತ್ಕಳ್ಳಲಾ ಮುದಿ ಗೂಬೆ! ದೊರೆ ಹೆಸ್ರನ್ನ ತಲೆಕೆಳಗೆ ಮಾಡಿದ್ದೀಯಲ್ಲ, ನಿನ್ನ ಕುಂಡಿ ಮ್ಯಾಕೆ ಬಂದ್ರೆ ಗೊತ್ತಾಯ್ತದೆ ಮ್ಯಾಲ್ಯಾವುದು ಕೆಳಗ್ಯಾವುದು ಅಂತ!"

ಮೇಸ್ತ್ರಿ ಯಾಂತಿನ್ ಹೀಗೆ ಕೂಗುತ್ತಿದ್ದಾಗ ಮನ್ನಾಶಿ ಇಟ್ಟಿಗೆಮಣ್ಣಿನ ಗುಂಡಿಯಲ್ಲಿ ಮೊಣಕಾಲುದ್ದದ ಕೆಸರು ತುಳಿಯುತ್ತಿದ್ದಳು. ತುಳಿಯುವುದನ್ನು ನಿಲ್ಲಿಸಲಿಲ್ಲ. ನಿಲ್ಲಿಸಿದರೆ ಅವಳ ಪಾಳಿಯೂ ಬರುತ್ತಿತ್ತು.

ಬೈಸಿಕೊಳ್ಳುತ್ತಿದ್ದವನು ಹಾಬಿಲ್, ಇಟ್ಟಿಗೆ ಜೋಡಿಸುವ ಮುದುಕ. ಹೊಸ ಕೋಟೆಗೋಡೆಯ ಹೊರಮುಖಕ್ಕೆ ಬರುವ ಪ್ರತಿ ಇಟ್ಟಿಗೆಯ ಬದಿಗೂ ಲಾರ್ಸಾ ದೊರೆಯ ಹೆಸರಿನ ಅಚ್ಚು ಒತ್ತಬೇಕೆಂದು ಅಪ್ಪಣೆಯಾಗಿತ್ತು. ಅಚ್ಚು ಒತ್ತುವ ಮನ್ನಾಶಿಗಾಗಲಿ, ಜೋಡಿಸುವ ಹಾಬಿಲ್‌ಗಾಗಲಿ ಓದು ಬಾರದು. ಅವರ ಕಣ್ಣಿಗೆ ಅದು ಹಸಿ ಮಣ್ಣಿನ ಮೇಲೆ ಕಾಗೆ ನಡೆದ ಗುರುತು. ಬೆಳಿಗ್ಗೆ ಲಾರ್ಸಾದಿಂದ ಬಂದ ಕರಣಿಕ ಗೋಡೆ ನೋಡಿ, ಮೂರು ಇಟ್ಟಿಗೆಗಳಲ್ಲಿ ದೊರೆ ತಲೆಕೆಳಗಾಗಿ ನಿಂತಿದ್ದಾನೆಂದು ಹೊಟ್ಟೆ ಹಿಡಿದುಕೊಂಡು ನಕ್ಕ. ಆ ನಗು ಯಾಂತಿನ್ ಮೈಮೇಲೆ ಬಿತ್ತು. ಅವನು ಅದನ್ನು ತಂದು ಹಾಬಿಲ್ ಮೇಲೆ ಹಾಕಿದ.

ಇಬ್ಬರು ಆಳುಗಳು ಹಾಬಿಲ್‌ನ ಕಾಲು ಹಿಡಿದೆತ್ತಿ ಗೋಡೆಗೆ ಒರಗಿಸಿದರು. ಅವನು ಉಟ್ಟ ತುಂಡು ಬಟ್ಟೆ ಜಾರಿ ಮುಖದ ಮೇಲೆ ಬಿತ್ತು. ಗುಂಡಿಯಲ್ಲಿದ್ದ ಹೆಂಗಸರು ತಲೆ ತಗ್ಗಿಸಿದರು.

"ಯಾಕ್ರೇ, ಯಾರಿಗೂ ನಗು ಬರಾಕಿಲ್ವಾ?" ಯಾಂತಿನ್ ಕೋಲು ಆಡಿಸಿದ. "ಬೆಳಿಗ್ಗೆ ನನ್ನ ನೋಡಿ ನಕ್ಕವ್ರೆ. ಈಗ ಇವನ್ನ ನೋಡಿ ನೀವು ನಗ್ಬೇಕು. ನಗ್ರೇ, ಬೋಸುಡೇರಾ!"

ನಕ್ಕರು. ಮನ್ನಾಶಿಯೂ ನಕ್ಕಳು. ಗಂಟಲಿನಿಂದ ಸದ್ದು ಬಂತು, ಅಷ್ಟೇ. ಹಾಬಿಲ್‌ನ ಮೂಗಿನಿಂದ ರಕ್ತ ಇಳಿದು ಹಣೆಯ ಕಡೆಗೆ ಹರಿಯುವ ತನಕ ನಗು ನಡೆಯಿತು. ಆಮೇಲೆ ಅವನನ್ನು ಕೆಳಗೆ ಬಿಟ್ಟರು.

ಯಾಂತಿನ್ ಅಚ್ಚು ಹಿಡಿದು ಮನ್ನಾಶಿಯ ಬಳಿ ಬಂದ. "ಇನ್ಮ್ಯಾಕೆ ಹೆಸ್ರಿನ ಮ್ಯಾಲ್ಗಡೆಗೆ ಹೆಬ್ಬೆಟ್ಟು ಒತ್ತು. ಹೆಬ್ಬೆಟ್ಟು ಮ್ಯಾಕೆ ಬರೋ ಹಂಗೆ ಆ ಮುದಿಯ ಜೋಡಿಸ್ಲಿ."

"ಮ್ಯಾಲ್ಗಡೆ ಯಾವ್ದು ಬುದ್ದಿ?"

ಯಾಂತಿನ್ ಅಚ್ಚನ್ನು ಹೀಗೆ ತಿರುಗಿಸಿದ, ಹಾಗೆ ತಿರುಗಿಸಿದ. "ಅಷ್ಟೂ ಗೊತ್ತಿಲ್ವಾ, ಮುಂಡೇದೆ" ಎಂದು ಬೈದು ಕರಣಿಕನ ಡೇರೆಗೆ ಹೋಗಿಬಂದ. ವಾಪಸು ಬಂದಾಗ ಅಚ್ಚಿನ ಒಂದು ಅಂಚಿಗೆ ಡಾಂಬರಿನ ಬೊಟ್ಟು ಇತ್ತು. "ಇದು ಮ್ಯಾಲ್ಗಡೆ" ಎಂದ, ತಾನೇ ಓದಿ ಹೇಳುವವನ ಹಾಗೆ.

ದಿಮ್ತು ಊರಿನ ಒಂದು ಮಗ್ಗುಲಿಗೆ ಈಸಿನ್, ಇನ್ನೊಂದು ಮಗ್ಗುಲಿಗೆ ಲಾರ್ಸಾ. ಎರಡು ಕಡೆಯೂ ಅಮೋರಿ ಕುಲದ ದೊರೆಗಳು. ಇಬ್ಬರ ಮುತ್ತಜ್ಜಂದಿರೂ ಕುರಿ ಹೊಡೆದುಕೊಂಡು ಮರುಭೂಮಿಯಿಂದ ಬಂದವರೇ. ಈಗ ಇಬ್ಬರೂ ದೇವರೇ ಕರೆದು ಪಟ್ಟ ಕಟ್ಟಿದನೆಂದು ಸಾರಿಕೊಳ್ಳುತ್ತಾರೆ. ಕೋಣ ಕೋಣ ಕಾದಾಡಿದರೆ ಗಿಡಕ್ಕೆ ಸಾವು. ದಿಮ್ತುವಿನವರು ಈಸಿನ್ ದೊರೆಗೆ ಹತ್ತು ವರ್ಷ ಕಾಲುವೆ ತೋಡಿದ್ದರು. ಈ ಬೇಸಿಗೆಯಲ್ಲಿ ಲಾರ್ಸಾದವನು ಆ ಕಾಲುವೆಯ ಬಾಯನ್ನೇ ಹಿಡಿದು ಮಣ್ಣು ಹಾಕಿ ಮುಚ್ಚಿಸಿದ. ಕತ್ತಿ ಎತ್ತಲಿಲ್ಲ, ಬಾಣ ಬಿಡಲಿಲ್ಲ. ನಲವತ್ತು ದಿನ ಸುಮ್ಮನೆ ಕೂತ.

ಊರಿನವರು ಹಳ್ಳದ ತಳದಲ್ಲಿ ಉಳಿದ ಹಸಿರು ನೀರು ಕುಡಿದರು. ಮನ್ನಾಶಿಯ ಮಗಳು ಹುನಾಬತು ಕೂಡ ಕುಡಿದಳು. ಒಂಬತ್ತು ವರ್ಷದವಳು. ಬೇಧಿ ಹತ್ತಿದ ಮೇಲೆ ಅವಳು ಕೇಳಿದ್ದು ನೀರೊಂದನ್ನೇ. ಮೂವತ್ತೆಂಟನೆಯ ದಿನ ಕೇಳುವುದನ್ನು ನಿಲ್ಲಿಸಿದಳು. ನಲವತ್ತನೆಯ ದಿನ ಊರ ಹಿರಿಯರು ಬಾಗಿಲು ತೆರೆದರು, ಕಾಲುವೆಯಲ್ಲಿ ನೀರು ಬಂತು. ದೊರೆ ನಿಮಗೆ ನೀರು ಕರುಣಿಸಿದ್ದಾನೆ, ಕೊಂಡಾಡಿ ಎಂದು ಡಂಗುರದವನು ಬೀದಿ ಬೀದಿಯಲ್ಲಿ ಕೂಗಿದ. ಮನ್ನಾಶಿ ಆ ದಿನವೂ ಅಳಲಿಲ್ಲ. ಅಳು ಎಲ್ಲಿ ಹೋಯಿತೋ ಅವಳಿಗೆ ತಿಳಿಯದು.

ಮಗಳನ್ನು ಚಾಪೆಯಲ್ಲಿ ಸುತ್ತಿ ಒಲೆಯ ಪಕ್ಕ, ಮನೆಯ ನೆಲದಡಿಯಲ್ಲೇ ಮಲಗಿಸಿದ್ದರು. ಅವಳ ಅಜ್ಜನೂ ಅಲ್ಲೇ ಇದ್ದಾನೆ. ಮಲಗಿದವರ ಬಾಯಿಯ ನೇರಕ್ಕೆ ಒಂದು ಮಣ್ಣಿನ ಕೊಳವೆ. ಅಮಾವಾಸ್ಯೆಗೊಮ್ಮೆ ಕೊಳವೆಗೆ ನೀರು ಹೊಯ್ದು ಹೆಸರು ಕರೆಯಬೇಕು. ಕರೆದು ಕೊಡುವವರಿಲ್ಲದಿದ್ದರೆ ಸತ್ತವರು ಕೆಳಗಿನ ಕತ್ತಲಲ್ಲಿ ಮಣ್ಣು ತಿಂದುಕೊಂಡು ಬಿದ್ದಿರಬೇಕು. ಬದುಕಿದ್ದಾಗ ಕೊಡಲಾಗದ ನೀರನ್ನು ಮನ್ನಾಶಿ ಮೂರು ಅಮಾವಾಸ್ಯೆಗಳಿಂದ ಕೊಡುತ್ತ ಬಂದಿದ್ದಳು. ಅವಳ ಬದುಕಿನಲ್ಲಿ ಉಳಿದಿದ್ದ ಕೆಲಸ ಅದೊಂದೇ. ಉಳಿದದ್ದೆಲ್ಲ ಇಟ್ಟಿಗೆ.

ಎರಡು ದಿನ ಕಳೆದು ಗೋಡೆಯ ಅಳತೆಯ ಹಗ್ಗ ಇಟ್ಟಿಗೆಯವರ ಓಣಿಗೆ ಬಂತು. ನಲವತ್ತು ಮನೆ ಹಗ್ಗದಡಿಗೆ ಬಿದ್ದವು. ಮನ್ನಾಶಿಯ ಒಲೆಯ ಮೇಲೆಯೇ ಹಗ್ಗ ಹಾದುಹೋಯಿತು.

"ನಾಳೆ ಹೊತ್ತು ಮೂಡೋಷ್ಟ್ರಲ್ಲಿ ಖಾಲಿ ಮಾಡ್ಬೇಕು" ಎಂದ ಯಾಂತಿನ್. "ಗೋಡೆ ಮಣ್ಣು, ನೆಲದ ಮಣ್ಣು ಎಲ್ಲಾ ಗುಂಡಿಗೆ ಹಾಕಿ. ಹಳೇ ಮಣ್ಣು ಒಳ್ಳೆ ಅಂಟಿರ್ತದೆ. ನೆಲ ಎದೆಮಟ್ಟ ಅಗೀರಿ."

"ಬುದ್ದಿ, ನೆಲದಾಗೆ ನನ್ ಮಗ್ಳವ್ಳೆ."

"ಎಲ್ರ ನೆಲದಾಗೂ ಯಾರೋ ಒಬ್ರು ಅವ್ರೆ. ಎದ್ದು ಜಗಳಕ್ಕೆ ಬತ್ತಾರೇನೇ?" ಯಾಂತಿನ್ ಹಗ್ಗ ಎಳೆದುಕೊಂಡು ಮುಂದಿನ ಮನೆಗೆ ಹೋದ.

ಅವಳು ಗುಡಿಗೆ ಹೋದಳು. ಪೂಜಾರಿ ಎನ್ನಂ ಹೊಸಿಲ ಒಳಗೆ ಕುಳಿತು ಖರ್ಜೂರ ತಿನ್ನುತ್ತಿದ್ದ.

"ಅಲ್ಲೇ ನಿಲ್ಲು, ಅಲ್ಲೇ. ಕೆಸರು. ಗಾಳಿ ಈ ಕಡೆಗೆ ಬೀಸ್ತಾ ಇದೆ, ಸ್ವಲ್ಪ ಆ ಕಡೆ ಸರಿ."

ಅವಳು ಸರಿದು ನಿಂತು ಹೇಳಿದಳು: ಮಗಳ ಮೂಳೆ ಎತ್ತಿ ಬೇರೆ ಕಡೆ ಮಲಗಿಸಬೇಕು, ಮಂತ್ರ ಹೇಳಿಕೊಡಬೇಕು.

"ಶಾಸ್ತ್ರ ಇಲ್ಲದೆ ಮೂಳೆ ಎತ್ತೋ ಹಾಗಿಲ್ಲ. ಶಾಸ್ತ್ರಕ್ಕೆ ಒಂದು ಟಗರು, ಒಂದು ಗಡಿಗೆ ಎಳ್ಳೆಣ್ಣೆ, ಹೊಸ ಬಟ್ಟೆ." ಬೀಜ ಉಗಿದ. ಅದು ಅವಳ ಕಾಲ ಬಳಿ ಬಿತ್ತು. "ಇದೆಯಾ?"

"ಇಲ್ಲ ಸ್ವಾಮಿ."

"ಇಲ್ಲದಿದ್ರೆ ಚಿಂತೆ ಯಾಕೆ? ದೊರೆ ಗೋಡೆ ಅಂದ್ರೆ ದೇವರ ಗೋಡೆ. ಅದರೊಳಗೆ ಸೇರೋ ಪುಣ್ಯ ಯಾರಿಗುಂಟು? ಮಣ್ಣು ತುಳಿಯೋರ ಮಗಳು ಕೋಟೆ ಆಗ್ತಾಳೆ. ಹೋಗು, ಸಂತೋಷಪಡು."

"ಅಮಾಸೆಗೆ ನೀರು ಎಲ್ ಹೊಯ್ಲಿ ಸ್ವಾಮಿ?"

"ಅವಳಿರೋ ಕಡೆ ಹೊಯ್ಯಿ! ಇದನ್ನೂ ನಾನೇ ಹೇಳ್ಬೇಕಾ?" ಎನ್ನಂ ಇನ್ನೊಂದು ಖರ್ಜೂರ ಬಾಯಿಗೆ ಹಾಕಿಕೊಂಡ.

ಮನೆಯಲ್ಲಿ ಅವಳ ಅತ್ತೆ ಗೆಮೆಯಾ ಗಡಿಗೆಗಳನ್ನು ಹೊರಗೆ ಇಡುತ್ತಿದ್ದಳು. ಮುದುಕಿಗೆ ಕಣ್ಣು ಅರ್ಧ ಹೋಗಿತ್ತು, ಬಾಯಿ ಪೂರ್ತಿ ಇತ್ತು. ಗುಡಿಯಲ್ಲಿ ಆದದ್ದನ್ನು ಕೇಳಿ, "ದೇವ್ರು ಕೊಟ್ರೂ ಪೂಜಾರಿ ಕೊಡ ಅನ್ನೋದು ಸುಳ್ಳಾ? ಇವ್ನು ಟಗರು ತಿಂದಿದ್ರೂ ಇದನ್ನೇ ಯೋಳ್ತಿದ್ದ" ಎಂದಳು. ಮನ್ನಾಶಿ ಆ ಸಂಜೆ ಕೊಳವೆಗೆ ನೀರು ಹೊಯ್ದು ಹೆಸರು ಕರೆದಳು. ಅಮಾವಾಸ್ಯೆಗೆ ಇನ್ನೂ ಹನ್ನೆರಡು ದಿನ ಇತ್ತು. ಆದರೂ ಕರೆದಳು.

ಮರುದಿನ ಓಣಿಯ ಮನೆಗಳನ್ನು ಕೆಡವಿದವರು ಓಣಿಯವರೇ. ಮನ್ನಾಶಿಯ ನೆಲಕ್ಕೆ ಹಾರೆ ಹಾಕಿದವನು ಹಾಬಿಲ್. ಮುದುಕನ ಕತ್ತು ಇನ್ನೂ ಒಂದು ಕಡೆ ವಾಲಿತ್ತು. ಕೊಳವೆ ಸಿಕ್ಕಿದಾಗ ಅವನು ಹಾರೆ ಕೆಳಗಿಟ್ಟ. ಯಾಂತಿನ್ ಕೋಲಿನಿಂದ ಅವನ ಬೆನ್ನಿಗೆ ತಿವಿದ. ಹಾರೆ ಮತ್ತೆ ಎದ್ದಿತು. ಬುಟ್ಟಿಗಳು ತುಂಬಿದವು, ಗುಂಡಿಗೆ ಸುರಿದವು. ಮೇಲೆ ಹುಲ್ಲು ಚೆಲ್ಲಿ ನೀರು ಬಿಟ್ಟರು.

"ಇಳಿಯೇ" ಎಂದ ಯಾಂತಿನ್.

ಮನ್ನಾಶಿ ಇಳಿದು ತುಳಿದಳು. ದಿನದ ಬಾರ್ಲಿ ಸಿಗಬೇಕಾದರೆ ಇನ್ನೂರ ನಲವತ್ತು ಇಟ್ಟಿಗೆ ಆಗಬೇಕು, ಅದು ಮಗಳ ಮಣ್ಣಾದರೂ ಅಷ್ಟೇ. ಹೊತ್ತು ನೆತ್ತಿಗೆ ಬಂದಾಗ ಕಾಲಿಗೆ ಏನೋ ತಾಗಿತು. ಬಗ್ಗಿ ತೆಗೆದಳು. ಮಗಳ ಕೊರಳಿನ ಕಪ್ಪೆಚಿಪ್ಪಿನ ಮಣಿ. ಆಮೇಲೆ ತಾಗಿದ್ದು ಮಣಿಯಲ್ಲ. ಒಂದೊಂದನ್ನೇ ಹೆಕ್ಕಿ ಮಡಿಲಿಗೆ ಹಾಕಿಕೊಂಡಳು. ಬಹಳ ಸಿಗಲಿಲ್ಲ. ತನಗೆ ಏನಾದರೂ ಅನ್ನಿಸಬೇಕಿತ್ತು ಎಂದು ಅವಳಿಗೆ ಹೊಳೆಯಿತು. ಬಿಸಿಲು ಜೋರಾಗಿದೆ ಎಂದು ಮಾತ್ರ ಅನ್ನಿಸಿತು.

ಸಿಕ್ಕಿದ್ದನ್ನೆಲ್ಲ ಮೂರು ಇಟ್ಟಿಗೆಗಳಲ್ಲಿ ಇಟ್ಟು ಮಣ್ಣು ಬಡಿದಳು. ಬದಿಗೆ ದೊರೆಯ ಹೆಸರು ಒತ್ತಿದಳು. ಹೆಬ್ಬೆಟ್ಟನ್ನು ಹೆಸರಿನ ಮೇಲ್ಗಡೆಗೆ ಒತ್ತಲಿಲ್ಲ, ಕೆಳಗಡೆಗೆ ಒತ್ತಿದಳು. ಒಣಗಿದ ಮೇಲೆ ತಾನೇ ಹೊತ್ತು ಹಾಬಿಲ್ ಬಳಿಗೆ ತಂದಳು.

"ಮಾವ, ಇವು ಮೂರು ನನ್ನವು. ಹೆಬ್ಬೆಟ್ಟು ಮ್ಯಾಕೆ ಬರೋ ಹಂಗೇ ಇಕ್ಕು."

ಹಾಬಿಲ್ ಇಟ್ಟಿಗೆ ತಿರುಗಿಸಿ ನೋಡಿದ. ಅಕ್ಷರ ಬಾರದಿದ್ದರೂ ಕಾಗೆಕಾಲು ಯಾವ ಕಡೆಗೆ ಮುಖ ಮಾಡಿರಬೇಕೆಂದು ಮೂಗಿನ ರಕ್ತ ಅವನಿಗೆ ಕಲಿಸಿತ್ತು. "ಹೆಬ್ಬೆಟ್ಟು ಮ್ಯಾಕೆ ಬಂದ್ರೆ ದೊರೆ ತಲೆಕೆಳಗಾಯ್ತಾನಲ್ಲವ್ವಾ."

"ಹೂಂ."

"ನನ್ ಕತ್ತು ಇನ್ನೂ ನೆಟ್ಟಗಾಗಿಲ್ಲ ಕಣವ್ವ."

"ಗೊತ್ತು ಮಾವ. ಆ ಬಡ್ಡಿಮಗ ಹೆಬ್ಬೆಟ್ಟು ನೋಡ್ತಾನೆ, ಹೆಸ್ರು ನೋಡಾಕಿಲ್ಲ. ಅಮಾಸೆ ದಿನ ನನ್ ಮಗ್ಳು ಎಲ್ಲವ್ಳೆ ಅಂತ ನಂಗೆ ಗೊತ್ತಾಗ್ಬೇಕು."

ಹಾಬಿಲ್ ಓಣಿಯಲ್ಲಿ ಕಡಿದು ಉಳಿದಿದ್ದ ಖರ್ಜೂರದ ಮರದ ಮೋಟಿನ ಎದುರಿಗೆ, ಮೊಣಕಾಲೆತ್ತರದಲ್ಲಿ ಮೂರನ್ನೂ ಜೋಡಿಸಿದ. ಮಧ್ಯಾಹ್ನ ಯಾಂತಿನ್ ಬಂದು ಹೆಬ್ಬೆಟ್ಟಿನ ಗುರುತು ನೋಡಿದ. "ಈಗ ಬುದ್ಧಿ ಬಂತು ನೋಡು, ಏಟು ಬಿದ್ಮೇಲೆ" ಎಂದ.

ಮರುದಿನ ಹಾಬಿಲ್ ತನ್ನ ಮನೆಯ ನೆಲದಡಿಯಿದ್ದ ಅಪ್ಪನನ್ನು ತಂದು ಮನ್ನಾಶಿಯ ಅಚ್ಚಿಗೆ ಕೊಟ್ಟ. ಅದರ ಮರುದಿನ ಪಕ್ಕದ ಗುಂಡಿಯ ಹೆಂಗಸು ಅವಳಿ ಕೂಸುಗಳನ್ನು ತಂದಳು. ಯಾರೂ ಯಾರಿಗೂ ಬಿಡಿಸಿ ಹೇಳಲಿಲ್ಲ. ಗೋಡೆ ಎರಡಾಳೆತ್ತರ ಆಗುವಷ್ಟರಲ್ಲಿ ಓಣಿಯ ಉದ್ದಕ್ಕೂ, ಕೆಳಗಿನ ಸಾಲುಗಳಲ್ಲಿ ಅಲ್ಲೊಂದು ಇಲ್ಲೊಂದು ದೊರೆ ತಲೆಕೆಳಗಾಗಿ ನಿಂತಿದ್ದ.

ಅಮಾವಾಸ್ಯೆಯ ವಾರದಲ್ಲಿ ಸುದ್ದಿ ಬಂತು: ಈಸಿನ್ ದಂಡು ಹೊರಟಿದೆ. ಗೋಡೆಗೆ ಗಿಲಾವು ಹಾಕುವುದಕ್ಕೂ ಪುರುಸೊತ್ತಿಲ್ಲ, ಸುಡದ ಇಟ್ಟಿಗೆ ಬರಿಮೈಯಲ್ಲಿ ನಿಂತಿತ್ತು. ಯಾಂತಿನ್ ಹಗಲೆಲ್ಲ ಗೋಡೆಯ ಉದ್ದಕ್ಕೂ ಓಡಾಡುತ್ತಿದ್ದ. ಗೋಡೆ ನಿಲ್ಲದಿದ್ದರೆ ತನ್ನ ತಲೆ ನಿಲ್ಲುವುದಿಲ್ಲವೆಂದು ಅವನಿಗೆ ಹೇಳಿ ಕಳಿಸಿದ್ದರು.

ಅಮಾವಾಸ್ಯೆಯ ಬೆಳಿಗ್ಗೆ ಮನ್ನಾಶಿ ಗುಂಡಿಗೆ ಇಳಿಯಲಿಲ್ಲ. ಕಾಲುವೆಯಲ್ಲಿ ಕೊಡ ತುಂಬಿಕೊಂಡು, ಅತ್ತೆಯ ಕೈ ಹಿಡಿದುಕೊಂಡು ಖರ್ಜೂರದ ಮೋಟಿನ ಬಳಿಗೆ ಬಂದಳು. ಮೊಣಕಾಲೂರಿ ಮೂರು ಇಟ್ಟಿಗೆಗಳ ಮೇಲೆ ನೀರು ಹೊಯ್ದಳು.

"ಹುನಾಬತು, ಕುಡಿ."

ಒಣ ಮಣ್ಣು ನೀರನ್ನು ಗಟಗಟನೆ ಎಳೆದುಕೊಂಡಿತು. ಕೊಡ ಬರಿದಾಯಿತು. ಅವಳು ಇನ್ನೊಂದು ಕೊಡ ತಂದಳು. ದೊರೆಯ ಹೆಸರು ಮೊದಲು ಕರಗಿತು, ಆಮೇಲೆ ಅವಳ ಹೆಬ್ಬೆಟ್ಟು. ಕೆಸರು ಇಳಿದು ಪಾದದ ಬಳಿ ನಿಂತಿತು.

"ಏಯ್! ಏಯ್ ರಂಡೆ!" ಯಾಂತಿನ್ ಓಡಿ ಬಂದ. "ಹಸೀ ಗೋಡೆಗೆ ನೀರು ಹಾಕ್ತೀಯಾ? ತಲೆ ನೆಟ್ಟಗೈತಾ?" ಅವನು ಒದ್ದ ಏಟಿಗೆ ಕೊಡ ಒಡೆಯಿತು. ಕೋಲು ಅವಳ ಬೆನ್ನಿಗೆ ಬಿತ್ತು, ಹೆಗಲಿಗೆ ಬಿತ್ತು. ಅವಳು ಏಟು ಎಣಿಸುವವಳ ಹಾಗೆ ಕೂತಿದ್ದಳು.

"ನನ್ ಮಗ್ಳು ಇಲ್ಲವ್ಳೆ ಬುದ್ದಿ" ಎಂದಳು. "ಅವಳಿರೋ ಕಡೆ ಹೊಯ್ಯಿ ಅಂತ ಪೂಜಾರಪ್ಪನೇ ಯೋಳವ್ರೆ."

ಯಾಂತಿನ್ ಮತ್ತೆ ಕೋಲೆತ್ತಿದ. ಎತ್ತಿದ ಕೋಲು ಅಲ್ಲೇ ನಿಂತಿತು. ಗೋಡೆಯ ಉದ್ದಕ್ಕೂ ಹೆಂಗಸರು ಬರುತ್ತಿದ್ದರು, ಸೊಂಟದಲ್ಲಿ ಕೊಡ. ಅವಳಿಗಳ ತಾಯಿ ಎರಡು ಹೆಸರು ಕರೆದು ಹೊಯ್ದಳು. ವಾಲಿದ ಕತ್ತಿನ ಹಾಬಿಲ್ ಗಡಿಗೆ ಬಗ್ಗಿಸಿ ಅಪ್ಪನನ್ನು ಕರೆದ. ನಲವತ್ತು ಮನೆಯವರು ತಮ್ಮ ತಮ್ಮವರ ಹೆಸರು ಕೂಗುತ್ತಿದ್ದರು. ಇಷ್ಟು ದಿನ ಬಾಯಿ ಸತ್ತಂತಿದ್ದ ಓಣಿ ಅದು.

"ಬ್ಯಾಡ್ರೇ! ಬುಡ ನೆನೀತದೆ, ಗೋಡೆ ಕೂತ್ಕತದೆ! ಈಸಿನ್ನೋರು ಬತ್ತಾವ್ರೆ, ನಿಮ್ಮನ್ನೂ ಬಿಡಾಕಿಲ್ಲ!" ಯಾಂತಿನ್‌ನ ದನಿ ಒಡೆದಿತ್ತು.

"ಬರ್ಲಿ ಬುಡು" ಎಂದಳು ಗೆಮೆಯಾ. "ಅವ್ರಿಗೂ ಇಟ್ಗೆ ಬೇಕಾಯ್ತದೆ."

ಅವನು ಕಾವಲು ದಂಡನ್ನು ಕರೆಯಲು ಊರಬಾಗಿಲಿಗೆ ಓಡಿದ. ಗೆಮೆಯಾ ತಡವರಿಸುತ್ತ ಗೋಡೆಯ ಬಳಿ ಕುಳಿತು, ನೆನೆದ ಇಟ್ಟಿಗೆಯ ಮೇಲೆ ಅಂಗೈ ಇಟ್ಟಳು. ಬೆರಳು ಗೆಣ್ಣಿನ ತನಕ ಒಳಗೆ ಹೋಯಿತು.

"ಮಗೀಗೆ ಇನ್ನೂ ಬಾಯಾರಿಕೆ ಐತೆ ಕಣೇ" ಎಂದಳು. "ನಲವತ್ತು ದಿನದ್ದು. ಇನ್ನೊಂದು ಕೊಡ ತಾ."

ಮನ್ನಾಶಿ ಎದ್ದಳು. ಹಾಬಿಲ್ ಬರಿದು ಮಾಡಿಟ್ಟಿದ್ದ ಗಡಿಗೆ ತೆಗೆದುಕೊಂಡು ಕಾಲುವೆಯ ಕಡೆಗೆ ನಡೆದಳು. ಊರಬಾಗಿಲ ಕಡೆಯಿಂದ ಈಟಿಗಳು ಹೊರಟು ಬರುವುದು ಕಾಣುತ್ತಿತ್ತು. ಅವಳು ಅವಸರ ಮಾಡಲಿಲ್ಲ. ಕಾಲುವೆಯ ಮೆಟ್ಟಿಲ ಬಳಿ ಹೆಂಗಸರ ಸಾಲು ಉದ್ದವಿತ್ತು. ಅವಳು ಹೋಗಿ ಕೊನೆಯಲ್ಲಿ ನಿಂತಳು.