ಬಸುರಿಯ ಪಾಲಿಗೆ ನಿಲ್ಲುವವರು

ಕ್ರಿಸ್ತನ ಹೆಸರಲ್ಲಿ ಸೇರುವ ನಮ್ಮ ಪುಟ್ಟ ಸಭೆಯಲ್ಲಿ ತೀರ್ಮಾನಕ್ಕೆ ಕೈ ಎತ್ತುವ ಪದ್ಧತಿ ಇಲ್ಲ. ಒಪ್ಪುವವರು ಎದ್ದು ನಿಲ್ಲಬೇಕು, ಒಪ್ಪದವರು ಕೂತಿರಬೇಕು. ಒಬ್ಬರು ಕೂತರೂ ಸಾಕು, ಆ ಮಾತು ಅಲ್ಲಿಗೆ ಬಿತ್ತು. ಹೊರಗಿನವರಿಗೆ ಇದು ಹುಚ್ಚಾಟದಂತೆ ಕಾಣುತ್ತದೆ. ಬೆಂಚು ಕೊಳ್ಳಬೇಕೋ ಚಾಪೆ ಸಾಕೋ ಎಂದು ತೀರ್ಮಾನಿಸಲು ನಾವು ವರ್ಷಗಟ್ಟಲೆ ಎದ್ದು ಕೂತು ಮಾಡಿದ್ದೇವೆ, ಕೊನೆಗೆ ಚಾಪೆಯೇ ಉಳಿಯಿತು. ಕಾಯಿಲೆಯವರು, ಬಸುರಿಯರು ಏಳಬೇಕಾಗಿಲ್ಲ. ಅವರ ಮನಸ್ಸೇನು ಎಂದು ಮೊದಲೇ ಕೇಳಿಕೊಂಡು ಮನೆಯ ಹಿರಿಯರೇ ಅವರ ಪಾಲಿಗೂ ನಿಲ್ಲುತ್ತಾರೆ. ಆ ಶನಿವಾರ ನಾನು ನನ್ನ ಸೊಸೆಯನ್ನು ಕೇಳಿರಲಿಲ್ಲ. ಕೇಳುವುದೇನಿತ್ತು? ಜೈಲಿನಲ್ಲಿದ್ದದ್ದು ಅವಳ ಗಂಡ.

ನನ್ನ ಮಗ ದರ್ಜಿ. ನಾನೂ ದರ್ಜಿ. ಸೊಸೆ ಗುಂಡಿಗೆ ಕಾಜಾ ಹಾಕುವುದರಲ್ಲಿ ನಮ್ಮಿಬ್ಬರನ್ನೂ ಮೀರಿಸಿದವಳು, ಅದನ್ನು ನಾನು ಅವಳ ಎದುರಿಗೆ ಹೇಳುವುದಿಲ್ಲ. ಯುದ್ಧ ಶುರುವಾಗಿ ಸೈನ್ಯಕ್ಕೆ ಕರೆ ಬಂದಾಗ ಮಗ ಹೋದ. ಅಧಿಕಾರಿ ಕೊಟ್ಟ ಬಂದೂಕನ್ನು ಮೇಜಿನ ಮೇಲೆ ವಾಪಸಿಟ್ಟು, "ನಾನು ಯಾರನ್ನೂ ಕೊಲ್ಲಲ್ಲ ಸಾರ್. ನಮ್ಮ ಸಭೆಯವರು ಯಾರೂ ಕೊಲ್ಲಲ್ಲ" ಅಂದ. ಅಲ್ಲಿಂದ ಅವನನ್ನು ನೇರವಾಗಿ ಜೈಲಿಗೆ ಕರೆದುಕೊಂಡು ಹೋದರು. ಸೋಮವಾರ ಅವನ ವಿಚಾರಣೆ, ಸೇನೆಯ ನ್ಯಾಯಾಲಯದಲ್ಲಿ. ಅದಕ್ಕೆ ಹಿಂದಿನ ವಾರ ಇದೇ ಮಾತು ಹೇಳಿದ ಇಬ್ಬರನ್ನು ಜೈಲಿನ ಹಿಂದಿನ ಗೋಡೆಗೆ ನಿಲ್ಲಿಸಿ ಗುಂಡು ಹೊಡೆದಿದ್ದರು. 

ಸಭೆ ಸೇರುವುದು ನಮ್ಮ ಅಂಗಡಿಯಲ್ಲೇ. ಹೊಲಿಗೆ ಯಂತ್ರಗಳನ್ನು ಗೋಡೆಗೆ ಒತ್ತರಿಸಿ, ನೆಲದ ಮೇಲೆ ಅಯಸ್ಕಾಂತ ಎಳೆದು, ಬಿದ್ದ ಸೂಜಿಗಳನ್ನೆಲ್ಲ ತೆಗೆದ ಮೇಲೆ ಚಾಪೆ ಹಾಸುತ್ತೇವೆ. ಆ ಮಧ್ಯಾಹ್ನ ಚಾಪೆ ಹಾಸುವಷ್ಟರಲ್ಲಿ ದೊಡ್ಡ ಚರ್ಚಿನ ಪಾದ್ರಿ ಮೆಟ್ಟಿಲು ಹತ್ತಿ ಬಂದರು. ಅವರ ನಿಲುವಂಗಿ ಹೊಲಿದವಳು ನಾನೇ. ಆಶೀರ್ವಾದಕ್ಕೆ ಕೈ ಎತ್ತುವಾಗ ಎಳೆಯಬಾರದು ಅಂತ ಕಂಕುಳಲ್ಲಿ ಸಡಿಲ ಬಿಡಿಸಿಕೊಂಡಿದ್ದರು. ಕೆಟ್ಟ ಮನುಷ್ಯರಲ್ಲ. ಕೆಟ್ಟವರಾಗಿದ್ದರೆ ನನಗೆ ಎಷ್ಟೋ ಸುಲಭವಾಗುತ್ತಿತ್ತು.

"ಸೋಮವಾರ ಬೆಳಿಗ್ಗೆ ಸೈನ್ಯ ಹೊರಡುತ್ತೆ," ಅಂದರು. "ಚೌಕದಲ್ಲಿ ಬಾವುಟಕ್ಕೆ ಪ್ರಾರ್ಥನೆ. ಊರಿನ ಎಲ್ಲ ಚರ್ಚಿನವರೂ ಬರ್ತಾರೆ, ನಿಮ್ಮದೊಂದು ಬಿಟ್ಟು. ನೀವೂ ಬನ್ನಿ, ಬಾವುಟದ ಮೇಲೆ ಕೈಯಿಟ್ಟು ಗೆಲುವಿಗೆ ಒಂದು ಪ್ರಾರ್ಥನೆ ಹೇಳಿ. ಅಷ್ಟಕ್ಕೆ ಇವತ್ತು ಒಪ್ಪಿದ್ರೆ ಹುಡುಗ ನಾಳೆ ಸಂಜೆಗೇ ಮನೆಗೆ ಬರ್ತಾನೆ. ಸೇನಾಪತಿಗಳ ಬಾಯಿಂದಲೇ ಮಾತು ತಂದಿದ್ದೀನಿ."

ನಮ್ಮ ಸಭೆಯ ಹಿರಿಯ ಗಡಿಯಾರ ರಿಪೇರಿಯವನು. ಎಲ್ಲರೂ ಅವನನ್ನು ಗಡಿಯಾರದಣ್ಣ ಅನ್ನುತ್ತೇವೆ. ಅವನು ಕನ್ನಡಕ ಒರೆಸುತ್ತ ಹೇಳಿದ: "ಫಾದರ್, ಮೊದಮೊದಲು ಕ್ರಿಸ್ತನನ್ನ ನಂಬಿದವರನ್ನ ಮೃಗಗಳ ಬೋನಿಗೆ ಹಾಕ್ತಿದ್ರು. ಆಗ ನೀವೂ ನಾವೂ ಒಂದೇ ಬೋನಲ್ಲಿದ್ವಿ. ಆಮೇಲೆ ಒಬ್ಬ ಚಕ್ರವರ್ತಿ ಬಂದು ಸೈನಿಕರ ಗುರಾಣಿ ಮೇಲೆ ಕ್ರಿಸ್ತನ ಗುರುತು ಬರೆಸಿದ. ಬೋನಿನ ಬೀಗದಕೈ ನಿಮ್ಮ ಕೈಗೆ ಬಂತು. ಕತ್ತಿ ಹಿಡಿಯಲ್ಲ ಅಂದ ನಮ್ಮ ಹಳಬರನ್ನ ಹೊಳೆಗೆ ನೂಕಿ ಕೊಂದವರೂ ಶಿಲುಬೆ ಹಿಡ್ಕೊಂಡೇ ಬಂದಿದ್ರು."

"ಆ ಪಾಪ ನಮ್ಮದೇ, ಇಲ್ಲ ಅನ್ನಲ್ಲ," ಅಂದರು ಪಾದ್ರಿ. "ಆದ್ರೆ ಗಡಿಯಲ್ಲಿ ಯಾರಾದ್ರೂ ನಿಂತಿದ್ರೆ ತಾನೇ ನೀವು ಇಲ್ಲಿ ಚಾಪೆ ಹಾಸೋದು? ನನ್ನ ತಂಗಿ ಮಗನೂ ಸೋಮವಾರ ಹೋಗ್ತಿದ್ದಾನೆ. ಅವನ ತಲೆ ಮೇಲೆ ಕೈಯಿಟ್ಟು ಕಳಿಸ್ಬೇಡ ಅಂತೀರಾ?"

ಗಡಿಯಾರದಣ್ಣ ಕನ್ನಡಕ ಮೂಗಿಗೇರಿಸಿ ಮತ್ತೆ ಬಾಯಿ ತೆರೆದ. ನಾನು ಮಾತಾಡಲು ಬಿಡಲಿಲ್ಲ. "ಅಣ್ಣ, ಚಕ್ರವರ್ತಿ ಕತೆ ಆಮೇಲೆ ಹೇಳು. ನನ್ನ ಮಗ ಇನ್ನೂ ಬದುಕಿದ್ದಾನೆ. ಮೊದಲು ಸಭೆ ಕೂಡಿಸು," ಅಂದೆ. ಪಾದ್ರಿ ಕೆಳಗೆ ಮೆಟ್ಟಿಲ ಬಳಿ ಕಾಯುತ್ತೇನೆ ಎಂದು ಇಳಿದುಹೋದರು.

ಎಲ್ಲರೂ ಬಂದರು. ಗಡಿಯಾರದಣ್ಣ ಸಂಗತಿ ಹೇಳಿದ. ಯಾರೂ ಚರ್ಚೆ ಮಾಡಲಿಲ್ಲ. ಚಾಪೆಗೆ ಜಗಳವಾಡಿದ ಜನ ಈಗ ನನ್ನ ಮುಖ ನೋಡಿದರು. ಮೊದಲು ನಾನು ಎದ್ದೆ. ಆಮೇಲೆ ಹಾಲಿನವಳು ಎದ್ದಳು. ಮೊಣಕಾಲು ನೋವಿನ ಮೇಷ್ಟ್ರು ಯಂತ್ರದ ಚಕ್ರ ಹಿಡಿದುಕೊಂಡು ಎದ್ದರು. ಸಾಬೂನು ಮಾರುವ ಅಣ್ಣತಮ್ಮಂದಿರು ಒಬ್ಬರನ್ನೊಬ್ಬರು ನೋಡಿಕೊಂಡು ಎದ್ದರು. ಇಂಥ ಮಾತಿಗೆ ಇವರು ಏಳುತ್ತಾರೆಂದು ನಾನು ಕನಸಲ್ಲೂ ಎಣಿಸಿರಲಿಲ್ಲ. ಎದ್ದರು, ನನಗಾಗಿ. ನನ್ನ ಕಣ್ಣು ತುಂಬಿ ಬಂತು.

"ಸರಿ, ಎಲ್ಲರೂ ನಿಂತ ಹಾಗಾಯ್ತು," ಎಂದ ಗಡಿಯಾರದಣ್ಣ ಬಾಗಿಲ ಕಡೆ ತಿರುಗಿದ.

"ಇಲ್ಲ ಮಾವ," ಅಂದಳು ನನ್ನ ಸೊಸೆ. ತುಂಬಿದ ಹೊಟ್ಟೆ ಹಿಡಿದುಕೊಂಡು, ಗೋಡೆಗೆ ಕೈಕೊಟ್ಟು ಕಷ್ಟಪಟ್ಟು ಎದ್ದಳು.

ಅವಳೂ ನಿಲ್ಲಲೆಂದೇ ಎದ್ದಳೆಂದು ತಿಳಿದು ಗಡಿಯಾರದಣ್ಣನ ಮುಖ ಅರಳಿತು. "ನೀನು ಏಳಬೇಕಾಗಿರಲಿಲ್ಲವಲ್ಲಮ್ಮ."

"ನಾನು ಕೂತಿದ್ದೀನಿ ಅಂತ ಹೇಳೋಕೆ ಎದ್ದೆ ಮಾವ. ಕೂತೇ ಹೇಳಿದ್ರೆ ಯಾರೂ ನೋಡ್ತಿರಲಿಲ್ಲ." ಹೇಳಿದವಳೇ ಮತ್ತೆ ಚಾಪೆಯ ಮೇಲೆ ಕೂತಳು.

 ನಾನು ಅವಳ ಹತ್ತಿರ ಹೋದೆ. "ಏನೇ ಇದು? ತಲೆ ಕೆಟ್ಟಿದೆಯಾ ನಿನಗೆ? ಯಾರ ಪ್ರಾಣದ ಮಾತು ಅನ್ಕೊಂಡಿದ್ದೀಯ ಇದು?"

"ಜೈಲಲ್ಲಿ ನಿಮ್ಮ ಮಗನಿಗೂ ಅಧಿಕಾರಿಗಳು ಇದೇ ಮಾತು ಹೇಳಿದ್ರಂತೆ ಅತ್ತೆ. ಹೋದ ವಾರ ನಾನು ನೋಡೋಕೆ ಹೋದಾಗ ಇವರೇ ಹೇಳಿದ್ರು. ಬಾವುಟ ಮುಟ್ಟೋ ಮಾತು ಸಭೆಗೆ ಬಂದ್ರೆ ನೀನು ಕೂತ್ಕೋ ಅಂದ್ರು."

"ನನಗ್ಯಾಕೆ ಹೇಳಲಿಲ್ಲ ಅವನು?"

 ಹೇಳಿದ್ದರೂ ನಾನು ಕೂರುವವಳಲ್ಲ ಎಂದು ಅವನಿಗೆ ಗೊತ್ತಿತ್ತು, ಅದು ಹೊಳೆದು ಮೈಯೆಲ್ಲ ಉರಿದುಹೋಯಿತು. "ಅವನು ಹೇಳಿದ ಅಂತ ಗೊಂಬೆ ಹಾಗೆ ಕೂತ್ಯಾ?"

"ಅವರು ಹೇಳಿದಾಗ ಆಗಲ್ಲ ಅಂತ ಜಗಳ ಆಡಿ ಬಂದೆ. ಇವತ್ತು ಬೆಳಿಗ್ಗೆವರೆಗೂ ಅದೇ ಮನಸ್ಸಿತ್ತು." ಅವಳು ಗೋಡೆಗೆ ಒರಗಿಕೊಂಡಳು. "ಆದ್ರೆ ಅತ್ತೆ, ಆ ಬಾವುಟದ ಹಿಂದೆ ಹೋಗೋರು ಇನ್ನೊಂದು ಊರಲ್ಲಿ ಯಾರ್ಯಾರದೋ ಗಂಡಂದಿರನ್ನ ಕೊಲ್ತಾರಲ್ಲ. ನನ್ನ ಗಂಡ ಬೇಕು ಅಂತ ಅದು ಚೆನ್ನಾಗಿ ನಡೀಲಿ ಅಂತ ಪ್ರಾರ್ಥನೆ ಹೇಳಲಾ? ನನ್ನ ಕೈಲಿ ಆಗಲ್ಲ."

ನನ್ನ ಕೈ ಮೇಲೆದ್ದಿತು. ಹೊಡೆಯುವುದಕ್ಕೇ ಎದ್ದದ್ದು, ಇನ್ನೇನೂ ಅಲ್ಲ. ಯಾರ ಮೇಲೂ ಕೈ ಮಾಡದ ಸಭೆ ಎಂದು ಊರೆಲ್ಲ ಕರೆಯುವ ನಮ್ಮ ಸಭೆಯ ನಡುವೆ, ದಿನ ತುಂಬಿದ ಹೆಂಗಸಿನ ಮೇಲೆ. ಹಾಲಿನವಳು ಹಿಂದಿನಿಂದ ನನ್ನ ಮಣಿಕಟ್ಟು ಹಿಡಿದಳು. ಸೊಸೆ ಮುಖ ತಪ್ಪಿಸಲಿಲ್ಲ, ಹೊಟ್ಟೆಗೆ ಮಾತ್ರ ಕೈ ಅಡ್ಡ ಇಟ್ಟುಕೊಂಡಳು.

ಆಗ ಗಡಿಯಾರದಣ್ಣ ಮೆಲ್ಲಗೆ ಕೆಮ್ಮಿದ. "ಪದ್ಧತಿ ಅಂತ ಒಂದಿದೆ," ಅಂದ. ನನ್ನ ಕಡೆ ನೋಡಲಾರದೆ ನೆಲ ನೋಡುತ್ತಿದ್ದ. "ಬಸುರಿಯ ಪಾಲಿಗೆ ಮನೆಯ ಹಿರಿಯರು ನಿಲ್ತಾರೆ. ಅವಳು ಕೂತಿದ್ದನ್ನ ನಾವು ಲೆಕ್ಕಕ್ಕೆ ತಗೊಳ್ಳಬೇಕಾಗಿಲ್ಲ. ತಂಗಿ, ನೀನು ನಿಂತಿದ್ದೀಯಲ್ಲ, ಇಬ್ಬರ ಪಾಲಿಗೂ ತಾನೇ?"

ಪಾಪ, ನನಗೆ ದಾರಿ ಮಾಡಿಕೊಡುತ್ತಿದ್ದ. ಎಲ್ಲರೂ ಅದನ್ನೇ ಬಯಸುತ್ತಿದ್ದರು, ಅವರ ಮುಖದಲ್ಲೇ ಕಾಣುತ್ತಿತ್ತು. ತಲೆ ಆಡಿಸಿದರೆ ಸಾಕಿತ್ತು. ನಾಳೆ ಸಂಜೆ ಅವನು ಮೆಟ್ಟಿಲು ಹತ್ತಿ ಬಂದು, ಟೇಪು ಕುತ್ತಿಗೆಗೆ ಹಾಕಿಕೊಂಡು, ಇಸ್ತ್ರಿ ಪೆಟ್ಟಿಗೆ ಯಾಕೆ ಇನ್ನೂ ಕಾದಿಲ್ಲ ಅಂತ ನನ್ನನ್ನು ಬೈಯುತ್ತಿದ್ದ.

ಹೌದು ಅನ್ನಲು ಬಾಯಿ ತೆರೆದೆ. ಸೊಸೆ ನನ್ನನ್ನೇ ನೋಡುತ್ತಿದ್ದಳು. ಬೇಡಿಕೊಂಡಿದ್ದರೆ ಆ ಸಿಟ್ಟಿಗೆ ಹೌದು ಅಂದೇಬಿಡುತ್ತಿದ್ದೆ. ಅವಳು ಬೇಡಲಿಲ್ಲ. ಬಂದೂಕು ವಾಪಸಿಟ್ಟ ದಿನ ಅಧಿಕಾರಿಯೂ ನನ್ನ ಮಗನಿಗೆ, "ನೀನು ಹೌದು ಅನ್ನದಿದ್ರೂ ನಿನ್ನ ಪಾಲಿನ ಹೌದು ನಾವೇ ಬರ್ಕೋತೀವಿ" ಅಂದಿದ್ದನಂತೆ. ಯಾಕೋ ಆ ಮಾತು ಆಗ ನೆನಪಾಯಿತು. ಹಾಳಾದ್ದು, ನೆನಪಾಗದಿದ್ದರೆ ಚೆನ್ನಾಗಿತ್ತು.

"ನಾನು ನಿಂತಿದ್ದೀನಿ ಅಣ್ಣ," ಅಂದೆ. "ನನಗೆ ನನ್ನ ಮಗ ಬೇಕು, ನಾನು ಕೂರಲ್ಲ. ಆದ್ರೆ ಇವಳು ಕೂತಿದ್ದಾಳೆ. ಕೂತವಳನ್ನ ನಿಂತಿದ್ದಾಳೆ ಅಂತ ನನ್ನ ಬಾಯಲ್ಲಿ ಹೇಳಿಸ್ಬೇಡ."

ಮೇಷ್ಟ್ರು ಅಲ್ಲೇ ಕುಸಿದು ಕೂತು ಅತ್ತುಬಿಟ್ಟರು. ಮಾತು ಬಿತ್ತು. ಮೆಟ್ಟಿಲಿಳಿದು ಪಾದ್ರಿಗೆ ಉತ್ತರ ಹೇಳುವ ಧೈರ್ಯ ಗಡಿಯಾರದಣ್ಣನಿಗಿರಲಿಲ್ಲ, ನಾನೇ ಹೋಗಿ ಹೇಳಿದೆ. "ಯೋಚಿಸಮ್ಮ, ಇನ್ನೂ ಹೊತ್ತಿದೆ," ಅಂದರು ಅವರು. ಅವರ ಕಣ್ಣಲ್ಲೂ ನೀರಿತ್ತು. ಆ ನೀರು ನೋಡಿ ನನಗೆ ಇನ್ನಷ್ಟು ಕೋಪ ಬಂತು. "ನನ್ನ ಮಗನಿಗೂ ಒಂದು ಪ್ರಾರ್ಥನೆ ಹೇಳಿ ಫಾದರ್, ಬಾವುಟದ್ದು ಮುಗಿದ ಮೇಲೆ," ಅಂದು ಬಾಗಿಲು ಹಾಕಿದೆ.  ರಾತ್ರಿ ಸೊಸೆ ಬಡಿಸಿಟ್ಟ ತಟ್ಟೆಯನ್ನು ಮುಟ್ಟದೆ ಮಲಗಿದೆ.

ಜೈಲಿನಲ್ಲಿ ವಾರಕ್ಕೆ ಒಬ್ಬರನ್ನು ಮಾತ್ರ ಒಳಗೆ ಬಿಡುತ್ತಾರೆ. ಮಾರನೆಯ ದಿನ, ಭಾನುವಾರ, ನನ್ನ ಸರದಿ. ಮಗ ಸೊರಗಿಹೋಗಿದ್ದ, ಅಂಗಿಯ ಕಾಲರಿನಲ್ಲಿ ಎರಡು ಬೆರಳು ತೂರುವಷ್ಟು ಸಡಿಲ. ಕಂಬಿಯ ಹತ್ತಿರ ಬಂದವನೇ ಕೇಳಿದ, "ಸಭೆ ಏನಾಯ್ತಮ್ಮ?"

"ಎಲ್ಲರೂ ನಿಂತ್ರು. ನಾನೂ ನಿಂತೆ. ನಿನ್ನ ಹೆಂಡತಿ ಕೂತಳು."

"ಅವಳ ಪಾಲಿಗೆ ನೀನು?"

"ನಿಲ್ಲಲಿಲ್ಲ."

ಅವನು ಕಂಬಿಗೆ ಹಣೆಯಿಟ್ಟ. ಖುಷಿಪಡುತ್ತಾನೆ, ನನ್ನನ್ನು ಹೊಗಳುತ್ತಾನೆ ಅಂದುಕೊಂಡೆ. ಅವನ ಭುಜ ಕುಲುಕುತ್ತಿತ್ತು. ಕಾವಲಿನವನು ಆ ಕಡೆ ತಿರುಗಿದ್ದ.

"ಅವಳ ಪಾಲಿಗೂ ನೀನು ನಿಂತುಬಿಡ್ತೀಯೇನೋ ಅಂತ ಆಸೆ ಇತ್ತಮ್ಮ," ಅಂದ. ದನಿ ನನಗಷ್ಟೇ ಕೇಳಿಸುವ ಹಾಗಿತ್ತು. "ಅವಳಿಗೆ ಹೇಳ್ಬೇಡ."

ಕಂಬಿಯ ಸಂದಿಯಲ್ಲಿ ಕೈ ತೂರಿಸಿ ಅವನ ತಲೆ ಹಿಡಿದುಕೊಂಡೆ.

"ಹೇಳಲ್ಲ ಕಂದ," ಅಂದೆ.